ಸುದ್ದಿ ಬಂದ ಮರುದಿನ

ಧಾರವಾಡದಲ್ಲಿ ಪತ್ರಿಕೋದ್ಯಮ ಓದುವ ಹುಡುಗ ಹುಡುಗಿಯರು ಸಿಕ್ಕರೆ ಮೊದಲು ಕೇಳುವುದು ಗುಪ್ತ ಕ್ಯಾಮೆರಾದ ಬಗ್ಗೆಯೇ. ಪೆನ್ನಿನಲ್ಲಿ ಇಡ್ತೀರಾ, ಅಂಗಿ ಗುಂಡಿಯಲ್ಲಿ ಇಡ್ತೀರಾ, ಸಿಕ್ಕಿಬಿದ್ದರೆ ಏನು ಮಾಡ್ತೀರಾ? ಅವರ ಉತ್ಸಾಹ ನನಗೆ ಇಷ್ಟ. ಟಿವಿಯಲ್ಲಿ ತನಿಖೆ ಅಂದರೆ ಅವರು ನೋಡಿರುವುದು ಅದನ್ನೇ ಅಲ್ವಾ?

ಆದರೆ ಹುಬ್ಬಳ್ಳಿ, ಗದಗ, ಹಾವೇರಿ ಕಡೆ ಇದ್ದುಕೊಂಡೇ ಈ ಕೆಲಸ ಮಾಡುವವರನ್ನು ಕಾಡುವ ಪ್ರಶ್ನೆ ಬೇರೆ. ಸುದ್ದಿ ರಾತ್ರಿ ಒಂಬತ್ತಕ್ಕೆ ಪ್ರಸಾರವಾಗುತ್ತದೆ. ಮರುದಿನ ಬೆಳಿಗ್ಗೆ, ನಮಗೆ ಕಾಗದ ತೋರಿಸಿದ ಗುಮಾಸ್ತರು ಅದೇ ಕಚೇರಿಯ ಅದೇ ಕುರ್ಚಿಯಲ್ಲಿ ಕೂರಬೇಕು. ಕ್ಯಾಮೆರಾ ಮುಂದೆ ಮಾತಾಡಿದ ಹೆಣ್ಣುಮಗಳು ಅದೇ ಓಣಿಯ ನಳದ ಮುಂದೆ ಪಾಳಿ ಹಚ್ಚಬೇಕು. ಬೆಂಗಳೂರಿನಿಂದ ಬಂದ ತಂಡ ರಾತ್ರಿ ರೈಲಿಗೆ ವಾಪಸ್ ಹೋಗಿರುತ್ತದೆ. ಇವರು ಎಲ್ಲಿಗೂ ಹೋಗುವಂತಿಲ್ಲ. ನಾನೂ ಇಲ್ಲೇ ಇರುತ್ತೇನೆ. ವರದಿಯಲ್ಲಿ ಹೆಸರು ಬಂದ ಗುತ್ತಿಗೆದಾರರೇ ಯಾವುದೋ ಮದುವೆ ಊಟದಲ್ಲಿ ನನ್ನ ಎದುರಿನ ಸಾಲಿನಲ್ಲಿ ಕೂತಿರುತ್ತಾರೆ.

ಟಿವಿ ವರದಿಗಾರ್ತಿಯಾಗಿ, ಆಮೇಲೆ ಸಾಕ್ಷ್ಯಚಿತ್ರ ಮಾಡುವವಳಾಗಿ ನಾನು ಕಲಿತದ್ದರಲ್ಲಿ ಮುಖ್ಯವಾದದ್ದೆಲ್ಲ ಈ ಮರುದಿನದಿಂದ ಕಲಿತದ್ದು.

ನಾನು ಶುರು ಮಾಡಿದ್ದು ಸ್ಟ್ರಿಂಗರ್ ಆಗಿ. ಪ್ರಸಾರವಾದ ಸುದ್ದಿಗಷ್ಟೇ ದುಡ್ಡು. ಆಗ ಮಿನಿ ಡಿವಿ ಟೇಪು, ಒಂದರಲ್ಲಿ 60 ನಿಮಿಷ. ಶೂಟ್ ಮುಗಿಸಿ, ಟೇಪಿಗೆ ಚೀಟಿ ಅಂಟಿಸಿ, ಹುಬ್ಬಳ್ಳಿಯಿಂದ ಹೊರಡುವ ರಾತ್ರಿ ಬಸ್ಸಿನ ಡ್ರೈವರ್ ಕೈಗೆ ಕೊಡುತ್ತಿದ್ದೆವು. ಬೆಳಿಗ್ಗೆ ಬೆಂಗಳೂರಿನಲ್ಲಿ ಯಾರೋ ಅದನ್ನು ಇಳಿಸಿಕೊಳ್ಳುತ್ತಿದ್ದರು. 2006ರಿಂದ 2012ರ ನಡುವೆ ಕನ್ನಡದಲ್ಲಿ ಒಂದರ ಹಿಂದೆ ಒಂದು ಸುದ್ದಿ ಚಾನೆಲ್ ಬಂದವು. ಆಗ ಕೆಲಸ ಹೆಚ್ಚಿತು, ವೇಗವೂ ಹೆಚ್ಚಿತು. ಜಿಲ್ಲೆಯಿಂದ ಡೆಸ್ಕಿನವರು, ಅಂದರೆ ಕಚೇರಿಯಲ್ಲಿ ಕೂತು ಸುದ್ದಿ ಆರಿಸುವವರು, ಕೇಳುತ್ತಿದ್ದದ್ದು ಮಾತ್ರ ಬದಲಾಗಲಿಲ್ಲ: ಅಪಘಾತ, ಹೊಡೆದಾಟ, ಜಾತ್ರೆ, ಪವಾಡ. ಅದಕ್ಕೊಂದು ಲೆಕ್ಕಾಚಾರದ ಕಾರಣವೂ ಇತ್ತು. 2015ರಲ್ಲಿ, ಟಿವಿ ಯಾರು ಎಷ್ಟು ನೋಡುತ್ತಾರೆ ಎಂದು ಅಳೆಯುವ ಬಾರ್ಕ್ ಸಂಸ್ಥೆ ಗ್ರಾಮೀಣ ಭಾಗದ ಅಂಕಿ ಕೊಡಲು ಶುರು ಮಾಡುವ ತನಕ ಟಿಆರ್‌ಪಿ ಮೀಟರ್ ಇದ್ದದ್ದು ಪಟ್ಟಣದ ಮನೆಗಳಲ್ಲಿ. ಮುಂಡರಗಿಯ ಹಳ್ಳಿಯಲ್ಲಿ ಯಾರು ಏನು ನೋಡುತ್ತಾರೆ ಅನ್ನುವುದು ಯಾವ ಲೆಕ್ಕಕ್ಕೂ ಬರುತ್ತಿರಲಿಲ್ಲ. ಹಾಗಾಗಿ ಅಲ್ಲಿಯ ಕಾಲುವೆ, ಅಲ್ಲಿಯ ಪಡಿತರ, ಅಲ್ಲಿಯ ಶಾಲೆ ಕಟ್ಟಡ ಎರಡು ನಿಮಿಷಕ್ಕಿಂತ ಜಾಸ್ತಿ ಹೊತ್ತು ತೆರೆ ಮೇಲೆ ನಿಲ್ಲುತ್ತಿರಲಿಲ್ಲ.

ಆ ವರ್ಷಗಳಲ್ಲೇ ರಾಜ್ಯದ ದೊಡ್ಡ ಹಗರಣವೊಂದು, ಅಕ್ರಮ ಗಣಿಗಾರಿಕೆಯದ್ದು, ನಮ್ಮ ಊರಿನ ರಸ್ತೆಯಲ್ಲೇ ಓಡಾಡುತ್ತಿತ್ತು. ಬಳ್ಳಾರಿ, ಹೊಸಪೇಟೆ ಕಡೆಯಿಂದ ಅದಿರು ತುಂಬಿದ ಲಾರಿಗಳು ಗದಗ, ಹುಬ್ಬಳ್ಳಿ, ಯಲ್ಲಾಪುರ ದಾಟಿ ಅಂಕೋಲಾ ಬಳಿಯ ಬೇಲೆಕೇರಿ ಬಂದರಿಗೆ ಹೋಗುತ್ತಿದ್ದವು. ಆಗ ಅದು ರಾಷ್ಟ್ರೀಯ ಹೆದ್ದಾರಿ 63. ರಸ್ತೆ ಬದಿಯ ಗಿಡಗಳ ಎಲೆ ಕೆಂಪಗಾಗಿದ್ದವು. ನಾವೆಲ್ಲ ಅದನ್ನು ಶೂಟ್ ಮಾಡಿದ್ದೇವೆ. ಕೆಟ್ಟ ರಸ್ತೆ, ಧೂಳು, ಅಪಘಾತ. ದೃಶ್ಯ ಚೆನ್ನಾಗಿ ಬರುತ್ತಿತ್ತು.

ನಿಜವಾದ ಕಥೆ ಇದ್ದದ್ದು ಡ್ರೈವರ್ ಜೇಬಿನ ಪರ್ಮಿಟ್ ಕಾಗದದಲ್ಲಿ. ಲೋಕಾಯುಕ್ತ ನ್ಯಾಯಮೂರ್ತಿ ಸಂತೋಷ್ ಹೆಗ್ಡೆ ಅವರ ಮೊದಲ ವರದಿ 2008ರ ಡಿಸೆಂಬರಿನಲ್ಲಿ, ಅಂತಿಮ ವರದಿ 2011ರ ಜುಲೈನಲ್ಲಿ ಬಂದವು. ಅರಣ್ಯಾಧಿಕಾರಿ ಯು.ವಿ. ಸಿಂಗ್ ಅವರ ತಂಡ ಕೂತು ಹೊಂದಿಸಿ ನೋಡಿದ್ದು ಇಂಥ ಕಾಗದಗಳನ್ನೇ. ಎಷ್ಟು ಅದಿರಿಗೆ ಪರ್ಮಿಟ್ ಇತ್ತು, ಬಂದರಿನಿಂದ ಎಷ್ಟು ಹೋಯಿತು. ಎರಡರ ನಡುವಿನ ಅಂತರವೇ ಹಗರಣ. ಗಣಿಗಾರಿಕೆ ವಿರುದ್ಧ 2009ರಲ್ಲಿ ಸುಪ್ರೀಂ ಕೋರ್ಟಿಗೆ ಹೋದ ಸಮಾಜ ಪರಿವರ್ತನಾ ಸಮುದಾಯ ನಮ್ಮ ಧಾರವಾಡದ್ದೇ ಸಂಸ್ಥೆ. ಅದರ ಮುಂದಾಳು ಎಸ್.ಆರ್. ಹಿರೇಮಠರು ಸುದ್ದಿಗೋಷ್ಠಿಗೆ ಬಂದರೆ ಕೈಯಲ್ಲಿ ದಾಖಲೆಗಳ ಕಟ್ಟು ಇರುತ್ತಿತ್ತು. ಕ್ಯಾಮೆರಾದವರು ಒಂದು ನಿಮಿಷದ ಬೈಟ್, ಅಂದರೆ ಟಿವಿಗೆ ಹಾಕುವ ಮಾತಿನ ತುಣುಕು, ಕೇಳುತ್ತಿದ್ದರು. ಹಿರೇಮಠರು ಪುಟ ತೆಗೆದು ಓದುತ್ತಿದ್ದರು. ಬೈಟಿಗಿಂತ ಆ ಪುಟ ಮುಖ್ಯ ಎಂದು ನನಗೆ ಆಗ ಹೊಳೆಯಿತು. ಅಲ್ಲಿಂದ ನನ್ನ ದಾರಿ ಬೇರೆಯಾಯಿತು.

ನನಗೆ ಕೆಲಸ ಕಲಿಸಿದ ವರದಿ ಅಂದರೆ ಕೃಷಿ ಹೊಂಡದ್ದು. ಯಾವ ತಾಲ್ಲೂಕು ಎಂದು ಹೇಳುವುದಿಲ್ಲ. ಅಲ್ಲಿ ನನಗೆ ಸಹಾಯ ಮಾಡಿದವರು ಇನ್ನೂ ಕೆಲಸದಲ್ಲಿದ್ದಾರೆ. 2014ರಲ್ಲಿ ರಾಜ್ಯ ಸರ್ಕಾರ ಕೃಷಿ ಭಾಗ್ಯ ಯೋಜನೆ ತಂದಿತು. ಮಳೆ ನಂಬಿದ ರೈತ ಹೊಲದಲ್ಲಿ ಹೊಂಡ ತೋಡಿಸಿ ಮಳೆನೀರು ಹಿಡಿದಿಟ್ಟು, ಬೆಳೆ ಒಣಗುವ ಹೊತ್ತಿಗೆ ಪಂಪಿನಿಂದ ಎತ್ತಿ ಹಾಕಬೇಕು. ಸಾಮಾನ್ಯ ವರ್ಗದವರಿಗೆ ಶೇ. 80, ಪರಿಶಿಷ್ಟರಿಗೆ ಶೇ. 90 ಸಹಾಯಧನ. ನಮ್ಮ ಕಡೆಗೆ ಇದು ನಿಜಕ್ಕೂ ಒಳ್ಳೆಯ ಯೋಜನೆ. ಹೊಂಡದ ನೀರಿನಿಂದಲೇ ಕಡಲೆ ಉಳಿಸಿಕೊಂಡವರನ್ನು ನಾನು ಕಂಡಿದ್ದೇನೆ. ಅದಕ್ಕೇ ಅದರಲ್ಲಿ ಕೈಹಾಕಿದವರ ಮೇಲೆ ನನಗೆ ಅಷ್ಟು ಸಿಟ್ಟು.

ಒಂದು ಕಚೇರಿಯ ಸಿಬ್ಬಂದಿಯೊಬ್ಬರು ಫಲಾನುಭವಿಗಳ ಫೋಟೋಗಳ ಫೈಲ್ ತೋರಿಸಿದರು. ಒಯ್ಯಲು ಕೊಡಲಿಲ್ಲ, ನಾನೂ ಕೇಳಲಿಲ್ಲ. ಬೇರೆ ಬೇರೆ ಹೆಸರು, ಬೇರೆ ಬೇರೆ ಸರ್ವೆ ನಂಬರ್. ಹೊಂಡದ ಹಿಂದೆ ಮಾತ್ರ ಅದೇ ಬೇವಿನ ಮರ. ಅದರ ಮುರಿದ ಟೊಂಗೆಯೂ ಅದೇ.

ಇಂಥ ಕಾಗದ ಕಣ್ಣಿಗೆ ಬಿದ್ದ ಕೂಡಲೇ ಪ್ರಸಾರ ಮಾಡುವ ಆಸೆ ಯಾರಿಗಾದರೂ ಬರುತ್ತದೆ. ಆದರೆ ಆ ಫೈಲ್ ಮುಟ್ಟಬಲ್ಲವರು ಆ ಕಚೇರಿಯಲ್ಲಿ ಎಷ್ಟು ಜನ? ಮರುದಿನವೇ ಅವರು ಯಾರೆಂದು ಗೊತ್ತಾಗುತ್ತದೆ. ಹಾಗಾಗಿ ಅದೇ ಕಾಗದವನ್ನು ಮುಂಬಾಗಿಲಿನಿಂದ ತರಿಸಬೇಕು. ಮಾಹಿತಿ ಹಕ್ಕು ಕಾಯ್ದೆ 2005ರಿಂದ ಇದೆ. ಅರ್ಜಿಗೆ 10 ರೂಪಾಯಿ, ಪ್ರತಿ ಪುಟಕ್ಕೆ 2 ರೂಪಾಯಿ, ಉತ್ತರ ಕೊಡಲು 30 ದಿನ. ಕರ್ನಾಟಕದಲ್ಲಿ ಒಂದು ಅರ್ಜಿಯಲ್ಲಿ ಒಂದೇ ವಿಷಯ ಕೇಳಬೇಕು, ಸಾಮಾನ್ಯವಾಗಿ 150 ಪದ ಮೀರಬಾರದು. ನಾನು ಆ ಒಂದು ತಾಲ್ಲೂಕಿಗೆ ಮಾತ್ರ ಅರ್ಜಿ ಹಾಕಲಿಲ್ಲ. ಅಕ್ಕಪಕ್ಕದ ತಾಲ್ಲೂಕುಗಳಿಗೂ, ಬೇರೆ ಬೇರೆ ವರ್ಷದ್ದಕ್ಕೂ, ಬೇರೆ ಯೋಜನೆಗಳಿಗೂ ಹಾಕಿದೆ. ನನ್ನ ಕಣ್ಣು ಎಲ್ಲಿದೆ ಅನ್ನುವುದು ಯಾರಿಗೂ ತಿಳಿಯಬಾರದಿತ್ತು. ಉತ್ತರ ಬಾರದ ಕಡೆ ಮೇಲ್ಮನವಿ. ಇದಕ್ಕೆ ತಿಂಗಳುಗಟ್ಟಲೆ ಹಿಡಿಯಿತು. ಡೆಸ್ಕಿನಿಂದ ಫೋನ್ ಬರುತ್ತಲೇ ಇತ್ತು.

ಕಾಗದ ಕೈಗೆ ಬಂದ ಮೇಲೆ ಹೊಲ. ಸರ್ವೆ ನಂಬರ್ ಹಿಡಿದು ಪಹಣಿ ತೆಗೆದು, ಹೊಲದ ಬದುವಿನ ತನಕ ಹೋಗಿ ನಿಲ್ಲಬೇಕು. ಗೂಗಲ್ ಅರ್ಥ್‌ನಲ್ಲಿ ಹಳೆಯ ವರ್ಷದ ಉಪಗ್ರಹ ಚಿತ್ರಗಳು ಸಿಗುತ್ತವೆ. ಹೊಂಡ ತೋಡಿ ಆಮೇಲೆ ಮುಚ್ಚಿದ್ದರೆ ಅದರ ಗುರುತು ಅಲ್ಲಿ ಕಾಣುತ್ತದೆ, ಸುಮ್ನೆ ಆರೋಪ ಮಾಡುವುದು ತಪ್ಪುತ್ತದೆ. ಎರಿ ಹೊಲದ, ಅಂದರೆ ಕಪ್ಪು ಮಣ್ಣಿನ ಹೊಲದ, ಒಬ್ಬ ಅಜ್ಜನ ಹೆಸರಿನಲ್ಲಿ ಹೊಂಡಕ್ಕೂ ಪ್ಲಾಸ್ಟಿಕ್ ಹೊದಿಕೆಗೂ ಬಿಲ್ ಆಗಿತ್ತು. ಅವರು ನಮ್ಮನ್ನು ಹೊಲದ ನಡುವೆ ಕರೆದುಕೊಂಡು ಹೋದರು. "ನನ್ನ ಹೊಲದಾಗ ಹೊಂಡ ಐತಿ ಅಂತ ಕಾಗದ ಹೇಳತೈತ್ರಿ ಅಕ್ಕಾರ. ಬರ್ರಿ, ಇಬ್ಬರೂ ಕೂಡಿ ಹುಡುಕೋಣು" ಎಂದರು. ಮುಂದೆ ಹೆಜ್ಜೆ ಹಾಕುತ್ತಲೇ, "ಎರಿ ಮಣ್ಣಾಗ ನೀರ ಇಂಗೂದ ಕಡಿಮಿ. ಇದಕ್ಯಾಕ ಪ್ಲಾಸ್ಟಿಕ್ ಬೇಕಿತ್ರಿ?" ಎಂದು ಕೇಳಿದರು. ನಾವು ಯಾವ ತಜ್ಞರ ಬಾಯಿಂದ ಹೇಳಿಸಬೇಕೆಂದು ಯೋಚಿಸುತ್ತಿದ್ದೆವೋ ಅದನ್ನು ಅವರೇ ಹೇಳಿಬಿಟ್ಟಿದ್ದರು.

ಅಧಿಕಾರಿಗೆ ಪ್ರಶ್ನೆಗಳನ್ನು ಬರೆದು ಕೊಟ್ಟೆವು. ಉತ್ತರಿಸಲು ಸಮಯ ಕೊಟ್ಟೆವು. ಅವರ ಉತ್ತರವನ್ನು ಕತ್ತರಿಸದೆ ಹಾಕಿದೆವು. ಬಾಗಿಲಿಗೆ ಮೈಕ್ ಹಿಡಿದು ಓಡುವ ದೃಶ್ಯ ಟಿವಿಯಲ್ಲಿ ಜೋರಾಗಿ ಕಾಣುತ್ತದೆ ನಿಜ, ಆದರೆ ಅದರಿಂದ ಉತ್ತರ ಸಿಗುವುದಿಲ್ಲ.

ಪ್ರಸಾರಕ್ಕೂ ಮೊದಲು ಇನ್ನೊಂದು ಕೆಲಸ ಮಾಡಿದ್ದೆವು. ಪ್ರತಿ ರೈತರ ಪಾಸ್‌ಬುಕ್ಕಿನ ಪುಟ, ಅವರ ಹೇಳಿಕೆ, ಹೊಲದ ದೃಶ್ಯ, ಎಲ್ಲದರ ಒಂದೊಂದು ಪ್ರತಿಯನ್ನು ಅವರ ಮನೆಯಲ್ಲೇ ಇಟ್ಟು ಬಂದಿದ್ದೆವು. ದುಡ್ಡು ಅವರ ಖಾತೆಗೆ ಬಂದು ಅದೇ ದಿನ ಹೊರಗೆ ಹೋಗಿತ್ತು. ರೈತರು ಸಹಿ ಮಾಡಿದ, ಬ್ಯಾಂಕಿನಿಂದ ದುಡ್ಡು ತೆಗೆಯುವ ಚೀಟಿಗಳು ಮೊದಲೇ ಏಜೆಂಟರ ಕೈಯಲ್ಲಿದ್ದವು. ಸುದ್ದಿ ಬಂತು, ಎರಡು ದಿನ ಗದ್ದಲವಾಯಿತು, ತನಿಖೆಗೆ ಆದೇಶವಾಯಿತು. ಆಮೇಲೆ ಮೊದಲ ನೋಟಿಸ್ ಬಂದದ್ದು ಯಾರಿಗೆ? ಆ ಅಜ್ಜನಿಗೆ. ಹೊಂಡ ಇಲ್ಲ, ಹಾಗಾಗಿ ಸಹಾಯಧನ ವಾಪಸ್ ಕಟ್ಟಿ ಎಂದು. ಮನೆಯಲ್ಲಿ ಕಾಗದದ ಕಟ್ಟು ಇದ್ದದ್ದಕ್ಕೆ ಅವರೂ ಉಳಿದ ರೈತರೂ ಊರಿನ ವಕೀಲರೊಬ್ಬರ ಸಹಾಯದಿಂದ ಉತ್ತರ ಕೊಟ್ಟರು. ಇಲ್ಲದಿದ್ದರೆ ನಮ್ಮ ವರದಿಯೇ ಅವರ ಕೊರಳಿಗೆ ಸುತ್ತಿಕೊಳ್ಳುತ್ತಿತ್ತು.

ಈ ನೋಟಿಸಿನ ಕಥೆಯೇ ನನಗೆ ಮೊದಲ ವರದಿಗಿಂತ ದೊಡ್ಡದಾಗಿ ಕಂಡಿತು. ಚಾನೆಲ್ಲಿನವರು ಅದು ಹಳೇ ಸುದ್ದಿ ಎಂದರು. ಎಷ್ಟು ಸಲ ಕಳಿಸಿದರೂ ಪ್ರಸಾರವಾಗಲಿಲ್ಲ.

2016ರ ಜುಲೈನಲ್ಲಿ ಯಮನೂರಿನಲ್ಲೂ ಹೀಗೇ ಆಯಿತು. ಮಹದಾಯಿ ನದಿ ನೀರಿನ ಹೋರಾಟದ ಹೊತ್ತು. ನವಲಗುಂದ ತಾಲ್ಲೂಕಿನ ಆ ಹಳ್ಳಿಗೆ ಪೊಲೀಸರು ನುಗ್ಗಿ ವಯಸ್ಸಾದವರು, ಹೆಂಗಸರು ಎನ್ನದೆ ಹೊಡೆದದ್ದನ್ನು ಟಿವಿ ಕ್ಯಾಮೆರಾಗಳು ಹಿಡಿದವು. ಇಡೀ ರಾಜ್ಯ ನೋಡಿತು. ಆ ದೃಶ್ಯಗಳು ಇಲ್ಲದಿದ್ದರೆ ಏನೂ ನಡೆದಿಲ್ಲ ಎಂದುಬಿಡುತ್ತಿದ್ದರು. ಅಲ್ಲಿ ನಿಂತು ಶೂಟ್ ಮಾಡಿದ ಹುಡುಗರ ಬಗ್ಗೆ ನನಗೆ ತುಂಬಾ ಗೌರವ ಇದೆ. ಆದರೆ ಬಂಧನಕ್ಕೊಳಗಾದ ರೈತರ ಜಾಮೀನು, ಕೋರ್ಟಿನ ಅಲೆದಾಟ, ಆ ವರ್ಷದ ಬಿತ್ತನೆ ಏನಾಯಿತು ಅನ್ನುವುದು, ಇವಕ್ಕೆ ನೇರ ಪ್ರಸಾರದ ಓಬಿ ವ್ಯಾನ್ ಬರಲಿಲ್ಲ. 1980ರಲ್ಲಿ ಇದೇ ನರಗುಂದ, ನವಲಗುಂದದ ನೆಲದಲ್ಲಿ ರೈತರ ಬಂಡಾಯ ನಡೆದಿತ್ತು. ಆ ಹಿರಿಯರು ಇಂದಿಗೂ ಹೇಳುವುದು ಗುಂಡಿನ ಸದ್ದಿಗಿಂತ ಹೆಚ್ಚಾಗಿ ಆಮೇಲಿನ ವರ್ಷಗಳ ಬಗ್ಗೆ. ಅದನ್ನು ಹಿಡಿಯಲು ಎರಡು ನಿಮಿಷದ ಪ್ಯಾಕೇಜ್ ಸಾಲದು. ನಾನು ಚಾನೆಲ್ ಬಿಟ್ಟು ಸಾಕ್ಷ್ಯಚಿತ್ರಕ್ಕೆ ಬಂದದ್ದು ಇದಕ್ಕೇ.

ಗುಪ್ತ ಕ್ಯಾಮೆರಾದ ಪ್ರಶ್ನೆಗೆ ಉತ್ತರ ಕೊಟ್ಟುಬಿಡುತ್ತೇನೆ. ಬೇರೆ ದಾರಿ ಪೂರ್ತಿ ಮುಚ್ಚಿದಾಗ, ಜನರಿಗೆ ನೇರ ಅಪಾಯ ಇದ್ದಾಗ ಮಾತ್ರ. 2007ರಲ್ಲಿ ದೆಹಲಿಯ ಚಾನೆಲ್ಲೊಂದು ಸರ್ಕಾರಿ ಶಾಲೆಯ ಶಿಕ್ಷಕಿಯೊಬ್ಬರ ಮೇಲೆ ಸ್ಟಿಂಗ್ ಪ್ರಸಾರ ಮಾಡಿತು. ಜನ ಶಾಲೆಯ ಮುಂದೆ ಸೇರಿ ಅವರನ್ನು ಹೊಡೆದರು, ಬಟ್ಟೆ ಹರಿದರು. ಕೆಲಸವೂ ಹೋಯಿತು. ಆಮೇಲೆ ಗೊತ್ತಾಯಿತು, ಇಡೀ ಸ್ಟಿಂಗ್ ಕಟ್ಟುಕಥೆ. ಚಾನೆಲ್ಲನ್ನು ಒಂದು ತಿಂಗಳು ನಿಲ್ಲಿಸಿದರು. ಒಂದು ತಿಂಗಳು! ಆ ಹೆಣ್ಣುಮಗಳ ಬದುಕಿನ ಮುಂದೆ ಅದು ಯಾವ ಲೆಕ್ಕ? ನಾನು ಈ ಘಟನೆಯನ್ನು ಪ್ರತಿ ವಿದ್ಯಾರ್ಥಿಗೂ ಹೇಳುತ್ತೇನೆ.

ಮುಖ ಮಸುಕು ಮಾಡುವುದರ ಬಗ್ಗೆಯೂ ಹೇಳಬೇಕು. ನಗರದಲ್ಲಿ ಅದು ಸಾಕಾಗಬಹುದು. ಹಳ್ಳಿಯಲ್ಲಿ ಒಂದು ಬಳೆ ಸಾಕು, ಬಾಗಿಲ ಚೌಕಟ್ಟಿನ ಬಣ್ಣ ಸಾಕು, ಹಿಂದಿನಿಂದ ಬರುವ ಎತ್ತಿನ ಗೆಜ್ಜೆ ಸದ್ದು ಸಾಕು. ದನಿಯ ಏರಿಳಿತ ಬದಲಿಸಿದರೆ ಕಂಪ್ಯೂಟರಿನಲ್ಲಿ ಅದನ್ನು ತಿರುಗಿ ಮೊದಲಿನಂತೆ ಮಾಡಬಹುದು. ಹಾಗಾಗಿ ಬೇರೆ ಊರಿನಲ್ಲಿ, ಖಾಲಿ ಗೋಡೆಯ ಮುಂದೆ ಕೂರಿಸಿ ಮಾತಾಡಿಸುತ್ತೇವೆ. ಅಪಾಯ ಜಾಸ್ತಿ ಇದ್ದರೆ ಅವರ ಮಾತನ್ನು ಇನ್ನೊಬ್ಬರ ದನಿಯಲ್ಲಿ ಹೇಳಿಸುತ್ತೇವೆ, ಹಾಗೆ ಮಾಡಿದ್ದೇವೆ ಎಂದು ತೆರೆ ಮೇಲೆ ಬರೆಯುತ್ತೇವೆ. ಕಾಗದ ತೋರಿಸುವಾಗಲೂ ಅಷ್ಟೇ. ಜೆರಾಕ್ಸಿನ ಮೇಲಿನ ಕಲೆ, ಮಡಿಕೆಯ ಗುರುತು, ಅಂಚಿನಲ್ಲಿ ಪೆನ್ಸಿಲಿನ ಒಂದು ಗೀಟು ಕೂಡ ಅದು ಯಾರ ಮೇಜಿನಿಂದ ಬಂತು ಎಂದು ಹೇಳಿಬಿಡುತ್ತದೆ.

ಒಪ್ಪಿಗೆಯನ್ನು ಎರಡು ಸಲ ಕೇಳುತ್ತೇನೆ. ಶೂಟಿಂಗಿಗೆ ಮೊದಲು ಒಮ್ಮೆ, ಎಡಿಟ್ ಆದ ಮೇಲೆ ತೋರಿಸಿ ಇನ್ನೊಮ್ಮೆ. ಹಾವೇರಿ ಕಡೆಯ ಬೀಜೋತ್ಪಾದನೆ ಹೊಲಗಳಲ್ಲಿ ಹತ್ತಿ ಹೂವಿನ ಕ್ರಾಸಿಂಗ್ ಮಾಡುವ ಹೆಂಗಸರ ಬಗ್ಗೆ ಒಂದು ಚಿತ್ರ ಮಾಡುತ್ತಿದ್ದೆವು. ಸಂಜೆ ಮೊಗ್ಗು ಬಿಡಿಸಿ ಗಂಡು ಭಾಗ ತೆಗೆಯಬೇಕು, ಮರುದಿನ ಬೆಳಿಗ್ಗೆ ಬೇರೆ ಹೂವಿನ ಪರಾಗ ತಾಗಿಸಬೇಕು. ಇಡೀ ದಿನ ಬಗ್ಗಿಯೇ ಇರುವ ಕೆಲಸ. ಒಬ್ಬ ತಾಯಿ ಕೂಲಿ, ಸಾಲ, ಮೈಕೈ ನೋವು ಎಲ್ಲ ಬಿಚ್ಚಿ ಹೇಳಿದ್ದರು. ರಫ್ ಕಟ್, ಅಂದರೆ ಮೊದಲ ಕಚ್ಚಾ ಎಡಿಟ್, ನೋಡಿದ ಮೇಲೆ ಕೇಳಿದ್ದು ಒಂದೇ ಮಾತು: "ಇದು ನಮ್ಮ ಅಳಿಯನ ಊರಾಗೂ ಕಾಣತೈತೇನ್ರಿ?" ಸಾಲದ ಮಾತು ಮಗಳ ಮನೆಗೆ ತಲುಪುವುದು ಅವರಿಗೆ ಬೇಡವಿತ್ತು. ಆ ಭಾಗ ತೆಗೆದೆವು. ಚಿತ್ರ ಅಲ್ಲಿ ತುಸು ತೆಳ್ಳಗಾಯಿತು. ನನಗೆ ಅದರ ಬಗ್ಗೆ ಕೊರಗಿಲ್ಲ. ಬೀಜದ ಕಂಪನಿಯ ಒಪ್ಪಂದದ ಕಾಗದದಲ್ಲಿ ಏನಿದೆ ಅನ್ನುವುದು ಉಳಿದಿತ್ತಲ್ಲ, ಚಿತ್ರದ ಜೀವ ಇದ್ದದ್ದು ಅಲ್ಲಿ.

ನಿರ್ಮಾಣದ ಮಾತು ಬೇಗ ಹೇಳಿ ಮುಗಿಸುತ್ತೇನೆ. ದುಡ್ಡು ಕಡಿಮೆ. ಒಳ್ಳೆಯ ಕ್ಯಾಮೆರಾ, ಡ್ರೋನ್ ಎರಡೂ ಹುಬ್ಬಳ್ಳಿಯ ಮದುವೆ ವಿಡಿಯೋ ಮಾಡುವವರಿಂದ ಬಾಡಿಗೆಗೆ ಬರುತ್ತವೆ. ಹಾಗಾಗಿ ಲಗ್ನದ ಸೀಸನ್ನಿನಲ್ಲಿ ನಮ್ಮ ಶೂಟಿಂಗ್ ನಿಲ್ಲುತ್ತದೆ. ಚಿತ್ರದ ವಿಷಯಕ್ಕೆ ಸಂಬಂಧಪಟ್ಟ ಯಾವ ಕಂಪನಿ, ಪಕ್ಷ, ಸಂಘಟನೆಯ ದುಡ್ಡನ್ನೂ ತೆಗೆದುಕೊಳ್ಳುವುದಿಲ್ಲ. ನಮ್ಮ ಪರ ಇರುವ ಸಂಘಟನೆಯಾದರೂ ಅಷ್ಟೇ.

ಸಾಕ್ಷ್ಯಚಿತ್ರ ಟಿವಿಗಿಂತ ಹೇಗೆ ಬೇರೆ ಎಂದು ನನಗೆ ಸರಿಯಾಗಿ ಮನದಟ್ಟಾದದ್ದು ಗದಗ ಜಿಲ್ಲೆಯ ಕಪ್ಪತಗುಡ್ಡದಲ್ಲಿ. ಔಷಧಿ ಸಸ್ಯಕ್ಕೆ ಹೆಸರಾದ ಗುಡ್ಡ, ಕೆಳಗೆ ಚಿನ್ನದ ಅದಿರು. 2015ರ ಡಿಸೆಂಬರಿನಲ್ಲಿ ಸರ್ಕಾರ ಅದನ್ನು ಸಂರಕ್ಷಿತ ಮೀಸಲು ಪ್ರದೇಶ ಎಂದು ಘೋಷಿಸಿತು. ಒಂದು ವರ್ಷ ತುಂಬುವ ಮೊದಲೇ, 2016ರ ನವೆಂಬರಿನಲ್ಲಿ, ಆ ಘೋಷಣೆಯನ್ನು ವಾಪಸ್ ಪಡೆಯಿತು. ಆ ದಿನ ಗುಡ್ಡದ ಮೇಲೆ ಏನೂ ಬದಲಾಗಿರಲಿಲ್ಲ. ಕ್ಯಾಮೆರಾ ಇಟ್ಟರೆ ಅದೇ ಹುಲ್ಲು, ಅದೇ ಗಾಳಿ, ಅದೇ ಗಾಳಿಯಂತ್ರಗಳು. ಬದಲಾಗಿದ್ದದ್ದು ಬೆಂಗಳೂರಿನ ಒಂದು ಆದೇಶದ ಕಾಗದ. ಗದಗದ ತೋಂಟದಾರ್ಯ ಮಠದ ಸಿದ್ಧಲಿಂಗ ಸ್ವಾಮೀಜಿ ಮುಂದೆ ನಿಂತರು, ಜನ ಬೀದಿಗಿಳಿದರು. 2017ರಲ್ಲಿ ಸರ್ಕಾರ ಮೊದಲಿನ ಸ್ಥಾನವನ್ನು ವಾಪಸ್ ಕೊಟ್ಟಿತು. 2019ರಲ್ಲಿ ಸುಮಾರು 244 ಚದರ ಕಿಲೋಮೀಟರ್ ಪ್ರದೇಶ ವನ್ಯಜೀವಿ ಧಾಮವಾಯಿತು. ಅದನ್ನು ನೋಡಲು ಸ್ವಾಮೀಜಿ ಇರಲಿಲ್ಲ. 2018ರ ಅಕ್ಟೋಬರಿನಲ್ಲಿ ಲಿಂಗೈಕ್ಯರಾಗಿದ್ದರು.

ಟಿವಿಗೆ ಇದರಲ್ಲಿ ಸಿಕ್ಕಿದ್ದು ಮೆರವಣಿಗೆಯ ದಿನಗಳು ಮಾತ್ರ. ಆದರೆ ಗುಡ್ಡದ ಭವಿಷ್ಯ ತೀರ್ಮಾನವಾದದ್ದು ಮೆರವಣಿಗೆಗಳ ನಡುವಿನ ತಿಂಗಳುಗಳಲ್ಲಿ. ಯಾವ ಸಭೆಯಲ್ಲಿ ಯಾರು ಏನೆಂದರು, ನಡಾವಳಿಯಲ್ಲಿ ಏನು ಬರೆದರು, ಏನು ಬಿಟ್ಟರು. ಇದನ್ನು ತೆರೆ ಮೇಲೆ ತರುವುದು ಕಷ್ಟ. ಒಂದು ಆದೇಶದ ಸಾಲನ್ನು ಓದಿಸಿ, ಅದೇ ಸಾಲು ತನ್ನ ಬದುಕಿಗೆ ಏನು ಮಾಡುತ್ತದೆ ಎಂದು ಬೇರು ನಾರು ಆರಿಸುವ ಅಜ್ಜಿಯಿಂದ, ಕುರಿ ಮೇಯಿಸುವವನಿಂದ ಹೇಳಿಸಬೇಕು. ಧಾಮವಾದರೆ ಕುರಿ ಬಿಡುತ್ತಾರೋ ಇಲ್ಲವೋ ಅನ್ನುವುದು ಕುರಿಗಾರರ ಚಿಂತೆ. ಗುಡ್ಡ ಉಳಿಯಲಿ ಅನ್ನುವ ನನ್ನ ಆಸೆಗೆ ಆ ಚಿಂತೆ ಅಡ್ಡ ಬರುತ್ತದೆ. ಅದನ್ನು ಚಿತ್ರದಿಂದ ಕತ್ತರಿಸುವ ಹಕ್ಕು ನನಗಿಲ್ಲ.

ಈಗ ನಾನು ಮಾಡುತ್ತಿರುವ ಕೆಲಸ ಹಳೆಯ ಟೇಪುಗಳದ್ದು. ಚಾನೆಲ್ಲುಗಳು ಒಂದೇ ಟೇಪಿನ ಮೇಲೆ ಮತ್ತೆ ಮತ್ತೆ ರೆಕಾರ್ಡ್ ಮಾಡುತ್ತಿದ್ದವು. ಹಾಗಾಗಿ ನಮ್ಮ ಜಿಲ್ಲೆಗಳ ಎಷ್ಟೋ ವರ್ಷಗಳ ದೃಶ್ಯ ಅಳಿಸಿಹೋಗಿದೆ. ಉಳಿದದ್ದು ಸ್ಟ್ರಿಂಗರ್‌ಗಳ ಮನೆಯ ಅಟ್ಟದಲ್ಲಿದೆ. ಟೇಪು ಸೂಕ್ಷ್ಮ ಸರಕು. ತೇವಕ್ಕೆ ಬೂಸ್ಟು ಹಿಡಿಯುತ್ತದೆ, ಓಡಿಸುವ ಯಂತ್ರಗಳೂ ಈಗ ಸಿಗುವುದು ಕಷ್ಟ. ಅದಕ್ಕೂ ಮೊದಲಿನ ಹೋರಾಟಗಳ ಮಾತನ್ನು ಆಗ ಅಲ್ಲಿದ್ದವರ ಬಾಯಿಂದಲೇ ದಾಖಲಿಸಿಕೊಳ್ಳುತ್ತಿದ್ದೇವೆ. 1987ರ ನವೆಂಬರ್ 14ರಂದು ಹಾನಗಲ್ ತಾಲ್ಲೂಕಿನ ಕುಸನೂರಿನಲ್ಲಿ ಕಿತ್ತಿಕೋ ಹಚ್ಚಿಕೋ ಸತ್ಯಾಗ್ರಹ ನಡೆಯಿತು. ಊರ ಜಮೀನಿನಲ್ಲಿ ಕಂಪನಿ ನೆಟ್ಟಿದ್ದ ನೀಲಗಿರಿ ಸಸಿ ಕಿತ್ತು, ಜನರಿಗೆ ಬೇಕಾದ ಸಸಿ ನೆಟ್ಟರು. ಅಂದು ಅಲ್ಲಿ ಸಸಿ ಹಿಡಿದ ಯುವಕರಿಗೆ ಈಗ ಅರವತ್ತು ದಾಟಿದೆ.

ಈ ಭಾಗದಲ್ಲಿ ಕ್ಯಾಮೆರಾ ಹಿಡಿದಿದ್ದ, ಹಿಡಿದಿರುವ ಎಲ್ಲರಲ್ಲೂ ನನ್ನದೊಂದು ಕೋರಿಕೆ. ನಿಮ್ಮ ಬಳಿ ಇರುವ ಟೇಪು, ಕಾರ್ಡು, ಹಾರ್ಡ್ ಡಿಸ್ಕ್ ಎಸೆಯಬೇಡಿ. ಪ್ರಸಾರವಾದ ತುಣುಕಿಗಿಂತ ಪ್ರಸಾರವಾಗದ ರಷಸ್, ಅಂದರೆ ಕತ್ತರಿಸದ ಮೂಲ ದೃಶ್ಯ, ಮುಖ್ಯ. ಅದರ ಮೇಲೆ ಊರು, ತಾರೀಖು, ಯಾರ ಮಾತು ಅನ್ನುವುದನ್ನು ಇಂದೇ ಬರೆದಿಡಿ, ಇನ್ನಷ್ಟು ವರ್ಷ ಕಳೆದರೆ ನಿಮಗೂ ನೆನಪಿರುವುದಿಲ್ಲ. ಕೋರ್ಟಿಗೆ ಬೇಕಾಗಬಹುದಾದ ದೃಶ್ಯವಾದರೆ ಮೂಲ ಕಾರ್ಡನ್ನೇ ತೆಗೆದಿಡಿ. ಕಾಪಿಗೆ ಪ್ರಮಾಣಪತ್ರ ಬೇಕು. ಮೊದಲು ಅದು ಹಳೆಯ ಸಾಕ್ಷ್ಯ ಕಾಯ್ದೆಯ 65ಬಿ ಕಲಂ ಅಡಿ ಇತ್ತು, 2024ರ ಜುಲೈನಿಂದ ಹೊಸ ಸಾಕ್ಷ್ಯ ಅಧಿನಿಯಮದ 63ನೇ ಕಲಂ ಅಡಿ, ಅದರಲ್ಲಿ ಫೈಲಿನ ಹ್ಯಾಶ್ ಸಂಖ್ಯೆಯನ್ನೂ, ಅಂದರೆ ಫೈಲ್ ತಿದ್ದಿದರೆ ಬದಲಾಗುವ ಗುರುತಿನ ಸಂಖ್ಯೆಯನ್ನೂ, ಬರೆಯಬೇಕು. ಮತ್ತು ನಿಮಗೆ ಗುಟ್ಟಾಗಿ ಮಾತಾಡಿದವರ ದೃಶ್ಯ ಇದ್ದರೆ ಅದನ್ನು ಬೇರೆಯಾಗಿ ಬೀಗ ಹಾಕಿ ಇಡಿ, ನನಗೂ ಕೊಡಬೇಡಿ. ಉಳಿದದ್ದನ್ನು ಕಂಪ್ಯೂಟರಿಗೆ ಇಳಿಸಲು ಯಂತ್ರ ನಮ್ಮಲ್ಲಿ ಇದೆ, ಕೆಲಸ ಮಾಡುವ ಸ್ಥಿತಿಯಲ್ಲೂ ಇದೆ. ಮಳೆಗಾಲಕ್ಕೆ ಮುಂಚೆ ತಂದರೆ ಒಳ್ಳೆಯದು.